ಅಪ್ಪನಿಗೆ ಹುಚ್ಚು ಹಿಡಿಸಿದ ಅರ್ಜಿ

ಅಪ್ಪನ ಮನೆಯ ಮುಂದಿನ ಕೋಣೆಯಲ್ಲಿ ಹೊಲಿಗೆ ಯಂತ್ರ ಹಾಕಿಕೊಂಡು ಬದುಕುತ್ತಿದ್ದ ಟೈಲರಕ್ಕನಿಗೆ ಒಡಹುಟ್ಟಿದವನು ಒಬ್ಬನೇ ಅಣ್ಣ. ಸರ್ವೇಯರ್ ಆಗಿ ನಿವೃತ್ತನಾದವನು. ಕಂಡವರ ಗಡಿಕಲ್ಲೆಲ್ಲ ಅವನಿಗೆ ಬಾಯಿಪಾಠ. ತಂಗಿಯ ಹೊಸ್ತಿಲು ಮಾತ್ರ ನೆನಪಿರಲಿಲ್ಲ.

ಕೊನೆಗಾಲದಲ್ಲಿ ಅಪ್ಪ ಮಗಳ ಪಕ್ಕದಲ್ಲಿ ಕೂತು ಅಂಗಿಗಳಿಗೆ ಗುಂಡಿ ಹಚ್ಚುತ್ತಿದ್ದರು. ಒಂದು ಗುಂಡಿ ಕೂದಲೆಳೆಯಷ್ಟು ಸರಿದರೂ ಬಿಚ್ಚಿ ಮತ್ತೆ ಹಚ್ಚುವ ಮನುಷ್ಯ. ಒಂದು ವಾರ ಅವರೇ ನೋಂದಣಿ ಕಚೇರಿಗೆ ನಡೆದುಹೋಗಿ, ಮುಂದಿನ ಕೋಣೆಯನ್ನು ಮಗಳಿಗೆ, ಹಿತ್ತಲನ್ನು ಮಗನಿಗೆ ದಾನಪತ್ರ ಬರೆದುಕೊಟ್ಟರು. ಅಣ್ಣ ತನ್ನ ಕಾಗದವನ್ನು ಮಡಚಿ ಜೇಬಿಗಿಟ್ಟುಕೊಂಡು, ನೀರನ್ನೂ ಕುಡಿಯದೆ ಹೊರಟಿದ್ದ.

ಅಪ್ಪ ತೀರಿಕೊಂಡ ಮರುವರ್ಷವೇ ದಾವೆ. ಮುಂದಿನ ಕೋಣೆ ತನ್ನದಂತೆ, ತಂಗಿ ಬಾಡಿಗೆಗೆ ಇರುವವಳಂತೆ! ಒಂಬತ್ತು ವರ್ಷ ವಾಯಿದೆಯ ಮೇಲೆ ವಾಯಿದೆ. ಕೊನೆಗೆ ಸಾಕ್ಷಿ ಕಟ್ಟೆ ಹತ್ತಿದ ಅಣ್ಣ ಎದೆಯುಬ್ಬಿಸಿ ಹೇಳಿದ: "ಅಪ್ಪ ಕೊನೇವರೆಗೂ ಕಲ್ಲುಗುಂಡಿನ ಹಾಗಿದ್ರು ಸ್ವಾಮಿ, ಬುದ್ಧೀನೂ ಒಂಚೂರು ಮಂಕಾಗಿರಲಿಲ್ಲ. ಬಾಡಿಗೆ ಮಾತು ಅವರೇ ಮುಂದೆ ನಿಂತು ಆಡಿದ್ದು." ತಂಗಿಯ ದಾನಪತ್ರ ತೋರಿಸಿದಾಗ ಕನ್ನಡಕ ಏರಿಸಿ, ಇಳಿಸಿ, ಬೆವರು ಒರೆಸಿಕೊಂಡು, "ಸಹಿ ಅಪ್ಪಂದೇ" ಎಂದು ಗೊಣಗಿದ.

ಸಾಕ್ಷಿಗಳೆಲ್ಲ ಮುಗಿದು ವಾದಕ್ಕೆ ದಿನ ನಿಗದಿಯಾಯಿತು. ಆ ದಿನವೇ ಅಣ್ಣನ ಕಡೆಯಿಂದ ತಿದ್ದುಪಡಿ ಅರ್ಜಿ ಬಂತು. ದಾನಪತ್ರ ಬರೆಯುವಾಗ ತಂದೆಗೆ ಬುದ್ಧಿಭ್ರಮಣೆಯಾಗಿತ್ತು, ಅದನ್ನು ವಾದಪತ್ರದಲ್ಲಿ ಸೇರಿಸಲು ಅಪ್ಪಣೆಯಾಗಬೇಕಂತೆ.

ಅರ್ಜಿಯನ್ನು ಓದಿ ಹೇಳಿದ ತನ್ನ ವಕೀಲಮ್ಮನ ಮುಖವನ್ನೇ ಟೈಲರಕ್ಕ ನೋಡಿದಳು. ಮೈಯೆಲ್ಲ ಉರಿಯಿತು. ಕೋಣೆ ಹಾಳಾಗಿ ಹೋಗಲಿ, ಸತ್ತ ಅಪ್ಪನಿಗೆ ಹುಚ್ಚನ ಪಟ್ಟ ಕಟ್ಟುವುದೇ?

"ವಿಚಾರಣೆ ಶುರುವಾದ ಮೇಲೆ ಸುಮ್ಮನೆ ತಿದ್ದೋಕೆ ಬಿಡಲ್ಲಮ್ಮ" ಎಂದರು ವಕೀಲಮ್ಮ. "ಎಷ್ಟು ಎಚ್ಚರ ವಹಿಸಿದ್ರೂ ಮೊದಲೇ ಹೇಳೋಕೆ ಆಗ್ತಿರಲಿಲ್ಲ ಅಂತ ಅವರು ತೋರಿಸಬೇಕು."

"ಏನು ತೋರಿಸ್ತಾನೆ? ಅಪ್ಪನಿಗೆ ಹುಚ್ಚು ಅಂತ ಗೊತ್ತಾಗೋಕೆ ಮಗನಿಗೆ ಒಂಬತ್ತು ವರ್ಷ ಬೇಕಾಯ್ತಾ?" ಎಂದವಳು ತಟ್ಟನೆ ನಿಂತಳು. "ಅಮ್ಮ, ಹಿತ್ತಲನ್ನ ಅವನಿಗೆ ಬರೆದುಕೊಟ್ಟಿದ್ದೂ ಅದೇ ವಾರ!"

ವಕೀಲಮ್ಮ ನೋಂದಣಿ ಕಚೇರಿಯಿಂದ ಆ ಪತ್ರದ ನಕಲು ತರಿಸಿದರು. ನ್ಯಾಯಾಧೀಶರು ಎರಡು ಪತ್ರಗಳನ್ನೂ ಅಕ್ಕಪಕ್ಕ ಇಟ್ಟು ನೋಡಿದರು. "ಸೋಮವಾರ ಮಗಳಿಗೆ ಬರೆಯುವಾಗ ಬುದ್ಧಿ ಕೆಟ್ಟಿತ್ತು, ಗುರುವಾರ ನಿಮಗೆ ಬರೆಯುವಾಗ ನೆಟ್ಟಗಾಯ್ತೇನ್ರೀ?" ಎಂದು ಕೇಳಿದರು. ಜನ ಮುಸಿಮುಸಿ ನಕ್ಕರು. ಅಣ್ಣ ತನ್ನ ವಕೀಲರತ್ತ ನೋಡಿದ. ವಕೀಲರು ಫ್ಯಾನಿನತ್ತ ನೋಡಿದರು. ಕಟ್ಟೆಯ ಮೇಲೆ ಒಂದು, ಕಾಗದದ ಮೇಲೆ ಇನ್ನೊಂದು ಹೇಳುವವನಿಗೆ ಅರ್ಜಿ ವಜಾ ಆಗದೆ ಇನ್ನೇನು?

ಮೆಟ್ಟಿಲ ಬಳಿ ಅಣ್ಣ ಹಲ್ಲು ಗಿಂಜಿದ. "ನಾನೆಲ್ಲಿ ಹಾಗಂದೆನಮ್ಮ, ವಕೀಲರು ಬರೆದಿದ್ದು."

"ಕೆಳಗೆ ಸಹಿ ಯಾರದ್ದಣ್ಣ?"

ಅವನು ಚಪ್ಪಲಿ ಹುಡುಕುವವನಂತೆ ತಲೆ ತಗ್ಗಿಸಿದ. ಚಪ್ಪಲಿ ಕಾಲಲ್ಲೇ ಇತ್ತು.

ಎರಡು ತಿಂಗಳಲ್ಲಿ ದಾವೆಯೂ ವಜಾ ಆಯಿತು. ನಾಚಿಕೆಯೆಂಬುದು ಇದ್ದರೆ ಅಲ್ಲಿಗೆ ನಿಲ್ಲಬೇಕಿತ್ತು. ಅಣ್ಣ ಮೇಲ್ಮನವಿ ಹಾಕಿದ, ಅಲ್ಲೂ ತಿದ್ದುಪಡಿ ಕೇಳಿದ: ಆ ಸಹಿ ತಂದೆಯದ್ದೇ ಅಲ್ಲವಂತೆ.

"ನೋಡಿ, ಅಪ್ಪನಿಗೆ ಬುದ್ಧಿ ವಾಪಸ್ ಬಂತು. ಈ ಸಲ ಕೈ ಹೋಯ್ತು" ಎಂದು ಟೈಲರಕ್ಕ ವಕೀಲಮ್ಮನ ಎದುರು ನಕ್ಕಳು. ನಗುತ್ತ ನಗುತ್ತಲೇ ಕಣ್ಣೊರೆಸಿಕೊಂಡಳು.

ಅದೂ ಬಿದ್ದುಹೋಯಿತು. ಕೋಣೆ ಅವಳಿಗೇ ಉಳಿಯಿತು. ಆಮೇಲೊಂದು ದಿನ ಅಣ್ಣ ಏನೂ ಆಗಿಲ್ಲವೆಂಬಂತೆ ಪ್ಯಾಂಟೊಂದನ್ನು ಹಿಡಿದು ಬಾಗಿಲಲ್ಲಿ ನಿಂತ. ಸೊಂಟದ ಹೊಲಿಗೆ ಸ್ವಲ್ಪ ಬಿಡಿಸಬೇಕಂತೆ. ಅವಳು ಯಂತ್ರ ನಿಲ್ಲಿಸಲಿಲ್ಲ, ಕೂರೆಂದೂ ಅನ್ನಲಿಲ್ಲ.

"ಮುಂದಿನ ಬೀದೀಲಿ ಇನ್ನೊಬ್ಬ ಟೈಲರ್ ಇದಾನೆ, ಹೋಗು" ಎಂದಳು.