ಒಣಹಾಕದ ಕೌದಿ

ತುರ್ತು ಪರಿಸ್ಥಿತಿಯ ಆ ದಿನಗಳಲ್ಲಿ ನಮ್ಮ ಮಾನ್ವಿ ಸೀಮೆಯ ಹಳ್ಳಿಗಳಿಗೆ ಜೀಪು ಬಂತೆಂದರೆ ಗಂಡಸರು ಹಳ್ಳಕ್ಕಿಳಿದು ಅಡಗುತ್ತಿದ್ದರು. ಸಿಕ್ಕವರನ್ನು ರಾಯಚೂರಿಗೆ ಒಯ್ದು ಮಕ್ಕಳಾಗದ ಆಪರೇಷನ್ ಮಾಡಿಸಿ ಕಳಿಸುತ್ತಿದ್ದರು.

ನಾನು ಬಾಣಂತನಕ್ಕೆ ತವರಿಗೆ ಬಂದಿದ್ದೆ. ಹೊಲಕ್ಕೆ ಹೋಗದೆ ಮನೆಯಲ್ಲಿರುವವಳಾದ್ದರಿಂದ ಕಾವಲು ನನ್ನ ಪಾಲಿಗೆ ಬಂತು. ರಸ್ತೆಯಲ್ಲಿ ಧೂಳೆದ್ದರೆ ಮಾಳಿಗೆಯ ಅಂಚಿಗೆ ಕೆಂಪು ಕೌದಿ ಇಳಿಬಿಡಬೇಕು. ಕೂಸಿನ ಕೌದಿ ಒಣಗುತ್ತಿದ್ದರೆ ಯಾರಿಗೆ ಅನುಮಾನ? ಹೊಲದವರು ನೋಡಿ ಓಡುತ್ತಿದ್ದರು.

"ನಮ್ಮೆಲ್ಲಾರ ಜೀವಾ ಆ ಕೂಸಿನ ಉಚ್ಚಿ ಮ್ಯಾಲ ನಿಂತದ ನೋಡ್ರೋ" ಎಂದು ನನ್ನ ತಮ್ಮ ನಗಿಸುತ್ತಿದ್ದ. ಅವನ ಮದುವೆಯಾಗಿ ಇನ್ನೂ ವರ್ಷ ತುಂಬಿರಲಿಲ್ಲ.

ನನ್ನ ಗಂಡ ಮಾನ್ವಿಯ ಒಂದು ಕಚೇರಿಯಲ್ಲಿ ದಿನಗೂಲಿ ಜವಾನ. ಒಂದು ಸಂಜೆ ಕೂಸನ್ನು ನೋಡುವ ನೆಪದಲ್ಲಿ ಬಂದ.

"ನಾಳಿ ಮಧ್ಯಾಹ್ನ ಜೀಪ್ ಬರ್ತದ. ಆಪರೇಷನ್ನಿಗೆ ಒಂದು ಕೇಸ್ ತರದಿದ್ರ ಕೆಲಸಕ್ಕ ಬರಬ್ಯಾಡ ಅಂದಾರ ಸಾಹೇಬ್ರು. ಸಿಕ್ಕವರಾಗ ಒಬ್ಬನ್ನ ನನ್ನ ಹೆಸರಿಗೆ ಬರಕೋತಾರ. ಒಂದಿನ ಕೌದಿ ಹಾಕಬ್ಯಾಡ."

"ನನ್ನ ತಮ್ಮನೂ ಹೊಲದಾಗ ಇರ್ತಾನ್ರೀ."

"ಅವನ್ನ ದೇವದುರ್ಗಕ್ಕ ಕಳಸು. ಅಷ್ಟೂ ತಿಳಿಯಂಗಿಲ್ಲೇನು?"

ತೊಟ್ಟಿಲಿಗೆ ಹಗ್ಗ ಬೇಕೆಂದು ಸುಳ್ಳು ಹೇಳಿ ತಮ್ಮನನ್ನು ಬೆಳಗ್ಗೆಯೇ ಕಳಿಸಿದೆ. ಯಾವುದೋ ಲಾರಿ ಸಿಕ್ಕಿತೆಂದು ಅವನು ಹೊತ್ತು ನೆತ್ತಿಗೇರುವ ಮೊದಲೇ ಮರಳಿದ. ಹಗ್ಗ ಕೊಟ್ಟು, ನಿಂತೇ ರೊಟ್ಟಿ ತಿಂದು, ಹೊಲದ ಕಡೆ ನಡೆದ. ತಡೆದರೆ ಯಾಕೆಂದು ಕೇಳುತ್ತಾನೆಂದು ಸುಮ್ಮನಾದೆ.

ಸ್ವಲ್ಪ ಹೊತ್ತಿಗೆ ಧೂಳೆದ್ದಿತು. ಕೌದಿ ನನ್ನ ಕೈಯಲ್ಲೇ ಇತ್ತು. ಮಕ್ಕಳಿಲ್ಲದವನನ್ನು ಬಿಟ್ಟುಬಿಡುತ್ತಾರೆ ಎಂದು ನನಗೆ ನಾನೇ ಹೇಳಿಕೊಂಡೆ. ಗಂಡನ ಕೆಲಸ ಹೋದರೆ ಈ ಕೂಸನ್ನು ಹೇಗೆ ಸಾಕಲಿ ಎಂದೂ ಅಂದುಕೊಂಡೆ. ಕೌದಿಯನ್ನು ಮಡಚಿ ಅದರ ಮೇಲೆ ಕುಳಿತೆ.

ನಾಲ್ವರು ಸಿಕ್ಕರು. ತಮ್ಮನೂ ಒಬ್ಬ. ನಿನಗೆ ಮಕ್ಕಳಿದ್ದಾರೆಯೇ ಎಂದು ಅವನನ್ನು ಯಾರೂ ಕೇಳಲಿಲ್ಲವಂತೆ.

ಮೂರನೆಯ ದಿನ ಅವನು ಕಾಲಗಲಿಸಿ ನಡೆಯುತ್ತ ಬಂದಾಗ ಅಂಗಳದಲ್ಲಿ ಜನ ನನ್ನನ್ನು ಸುತ್ತುಗಟ್ಟಿದ್ದರು.

"ಕಣ್ಣಾಗ ಮಣ್ಣ ಬಿದ್ದಿತ್ತೇನ್ ಬೇ ನಿನಗ?" ಎಂದಳು ಪಕ್ಕದ ಮನೆಯ ಮುದುಕಿ.

ತಮ್ಮನೇ ಅಡ್ಡ ಬಂದ. "ಬಿಡ್ರಿ, ಬಾಣಂತಿ ಆಕಿ. ನಿದ್ದಿ ಹತ್ತಿರಬೇಕು."

ನಾನು ಹೌದೆಂದೆ.

ಗಂಡನ ಕೆಲಸ ಉಳಿಯಿತು. ಈಗ ಹತ್ತು ವರ್ಷ ಕಳೆದಿವೆ. ತಮ್ಮನ ಮನೆಯಲ್ಲಿ ತೊಟ್ಟಿಲು ಕಟ್ಟಲಿಲ್ಲ. ನಾಲ್ಕನೆಯ ತರಗತಿಗೆ ಶಾಲೆ ಬಿಟ್ಟ ನಾನು ತಡವರಿಸುತ್ತ ಇದನ್ನು ಬರೆಯುವುದು, ಬಾಯಿಂದ ಹೇಳಲಾಗದ್ದಕ್ಕೆ. ಹೇಳಿಯೇ ಬಿಡಬೇಕೆಂದು ಪ್ರತಿ ಸಲವೂ ತವರಿಗೆ ಹೋಗುತ್ತೇನೆ. ಅವನು ಚಾಪೆ ಹಾಸಿ ದಿಂಬು ಇಡುತ್ತಾನೆ.

"ಯಕ್ಕಾ, ದಣದೀದಿ. ಜರಾ ಮಲಕೋ."

ನಾನು ಗೋಡೆಯ ಕಡೆ ಮುಖ ಮಾಡಿ ಮಲಗುತ್ತೇನೆ.