ಸೀರೆ ಮೇಲೆ ಹೂಡಿ

ಏನ್ರಪ್ಪಾ, ಇಲ್ಲಿ ಕೇಳಿ. ಇವತ್ತು ಸಂಜೆ ಈ ಪರದೇಶದ ನಮ್ಮೂರು ಕ್ಯಾಂಪ್‌ಬೆಲ್‌ನ ಡೌನ್‌ಟೌನಲ್ಲಿ ವಾಕಿಂಗಿಗೆ ಅಂತ, ಮಂಡ್ಯದಿಂದ ಬಂದಿರೋ ನಮ್ಮತ್ತೆ ಸೀರೆ ಮೇಲೆ ಮಗನಿಗೆ ಆಫೀಸಲ್ಲಿ ಕೊಟ್ಟಿದ್ದ ಹೂಡಿ, ಅದೇ ಟೋಪಿ ಇರೋ ದೊಡ್ಡ ಸ್ವೆಟರ್, ಏರಿಸಿ, ಸಾಕ್ಸಿನ ಮೇಲೆ ಚಪ್ಪಲಿ ಹಾಕ್ಕೊಂಡು ರೆಡಿಯಾದ್ರು.

"ಅಮ್ಮ, ಜನ ನೋಡ್ತಾರೆ, ಬೇರೆ ಹಾಕ್ಕೋ" ಅಂದ ನನ್ನ ಗಂಡ.

"ನೋಡ್ಲಿ ಬುಡ್ಲಾ, ನಂಗೆ ಚಳಿ."

ನಾನಂತೂ ಕುಣಿದುಬಿಟ್ಟೆ. ಕಾಲೇಜಲ್ಲಿ ಕೊರಿಯಾದ ಸ್ಟ್ರೀಟ್ ಫ್ಯಾಷನ್ನಿನ ಡಿಜಿಟಲ್ ಫೋಟೋ ಬುಕ್ಕುಗಳನ್ನ ಹುಚ್ಚು ಹಿಡಿದ ಹಾಗೆ ನೋಡ್ತಿದ್ದವಳು ನಾನು. ಸಿಯೋಲ್ ಗಲ್ಲಿಯ ಗೋಡೆಗೆ ಒರಗಿ ನಿಂತ ಹುಡುಗಿಯರು, ಉದ್ದ ಲಂಗದ ಮೇಲೆ ದೊಗಳೆ ಹೂಡಿ, ಸಾಕ್ಸು, ಚಪ್ಪಲಿ. ಇಷ್ಟು ವರ್ಷ ಆದ್ಮೇಲೆ ಆ ಪುಟ ನಮ್ಮ ಹಾಲಿಗೇ ನಡ್ಕೊಂಡು ಬಂದಿತ್ತು. ಫೋನಲ್ಲಿ ಅಂಥ ಒಬ್ಬ ಹುಡುಗಿಯ ಫೋಟೋ ಹುಡುಕಿ ತೋರಿಸಿದೆ. ಅತ್ತೆ ಕನ್ನಡಕ ಏರಿಸಿ ನೋಡಿ, "ಪಾಪ, ಈ ಮಗೀಗೂ ಚಳಿ ಆಯ್ತೈತೆ" ಅಂದ್ರು.

ಡೌನ್‌ಟೌನಲ್ಲಿ ಕಾಫಿ ಅಂಗಡಿ ಗೋಡೆಗೆ ಅವರನ್ನ ಒರಗಿಸಿ, "ಆ ಹುಡುಗಿ ಥರಾನೇ, ನಗಬೇಡಿ ಅತ್ತೆ" ಅಂದೆ.

"ನನ್ ಮದ್ವೆ ಆಲ್ಬಮ್ಮಲ್ಲೇ ನಕ್ಕಿಲ್ಲ ಕಣವ್ವ, ಇಲ್ ನಗ್ತೀನಾ?"

ಆ ಫೋಟೋನ ಈ ಪೋಸ್ಟಿನ ಕೆಳಗೆ ಹಾಕಿದೀನಿ. ಹಿಂದೆ ಮಸುಕಾಗಿ, ನಮಗೂ ತನಗೂ ಸಂಬಂಧವೇ ಇಲ್ಲದ ಹಾಗೆ ನಿಂತಿರೋನು ನನ್ನ ಗಂಡ.