ಕಡಲಹಾವುಗಳನ್ನು ಕಂಡ ಕ್ಷೌರಿಕ
ಬಂದರಿನ ಕ್ಷೌರದಂಗಡಿಯ ಅಜ್ಜ ಗಿರಾಕಿಯ ಕೆನ್ನೆಗೆ ನೊರೆ ಹಚ್ಚಿದನೆಂದರೆ ಅವನು ಹರೆಯದಲ್ಲಿ ಕಾದಿದ ಕಡಲಕಾಳಗದ ಕಥೆ ಶುರುವಾಯಿತೆಂದೇ ಅರ್ಥ. ಬಾಚಣಿಗೆಗಳು ನಮ್ಮ ಹಡಗುಗಳು. ಕತ್ತರಿಗಳು ಶತ್ರುಗಳು ಪಳಗಿಸಿ ತಂದಿದ್ದ, ಬೆಂಕಿಯುಗುಳುವ ಕಡಲಹಾವುಗಳು. ರಾಜ್ಯದ ಹಣೆಬರಹವನ್ನೇ ಬರೆದ ಆ ಮಧ್ಯಾಹ್ನ ನಾವು ಗೆದ್ದೆವು. ಅಜ್ಜನ ಹಡಗು ಮಾತ್ರ ಸುಟ್ಟು ಮುಳುಗಿತು, ಉಳಿದವನು ಅವನೊಬ್ಬನೇ. ನಾನು ಚಿಕ್ಕವನಿದ್ದಾಗ ಕಥೆಯಲ್ಲಿ ಏಳೇ ಇದ್ದ ಹಾವುಗಳು ನನ್ನ ತಲೆ ನರೆಯುವಷ್ಟರಲ್ಲಿ ನಲವತ್ತಾಗಿದ್ದವು. ಯಾರಾದರೂ ನಕ್ಕರೆ, "ನೀನು ಬಂದು ಎಣಿಸಿದ್ದೆಯೇನೋ?" ಎಂದು ಕಿವಿ ಹಿಂಡುತ್ತಿದ್ದ. ಹೆಂಡತಿ ಮಕ್ಕಳಿಲ್ಲ, ಅಂಗಡಿಯ ಬಾಗಿಲು ಹಾಕಿದ ಮೇಲೂ ಒಳಗೆ ಅವನ ಮಾತು ಕೇಳುತ್ತಲೇ ಇರುತ್ತಿತ್ತು. ಮೊನ್ನೆ ಕಡಲಾಚೆಯ ಮುದುಕನೊಬ್ಬ ಕುರ್ಚಿಯಲ್ಲಿ ಕೂತು, ಕಥೆಯನ್ನೆಲ್ಲ ಕೇಳಿ, "ಮೂರೇ ಇದ್ದದ್ದು. ಒಂದರ ಲಗಾಮು ನನ್ನ ಕೈಲಿತ್ತು" ಎಂದ. ಅಜ್ಜನ ಕತ್ತಿ ಅವನ ಗಂಟಲ ಮೇಲೇ ಇತ್ತು. ಅಜ್ಜ ಮೆಲ್ಲನೆ ಕತ್ತಿಯನ್ನು ಕೆಳಗಿಟ್ಟು, "ನಮ್ಮ ಹಡಗಿನವರು ಕೂಗಿದ್ದು ನಿಮಗೆ ಕೇಳಿಸ್ತಾ?" ಎಂದ. "ಕೇಳಿಸ್ತು. ಒಬ್ಬ ಅಣ್ಣಾ, ಅಣ್ಣಾ ಅಂತ ಕರೀತಿದ್ದ." "ಅದು ನನ್ನನ್ನೇ" ಎಂದು ಅಜ್ಜ ಆ ಮುದುಕನ ಪಕ್ಕದಲ್ಲೇ ಕುಸಿದು ಕೂತ. ಅಷ್ಟು ವರ್ಷ ಕೇಳಿದ ಕಥೆಯಲ್ಲಿ ಒಬ್ಬ ತಮ್ಮನಿದ್ದನೆಂದು ನಮಗೆ ತಿಳಿದದ್ದೇ ಅವತ್ತು.